ವರ-ಶಾಪಗಳ ಕಥೆಯನ್ನು ಕೇಳುವ ಬಗೆ

ನಮ್ಮ ಪುರಾಣೇತಿಹಾಸಗಳಲ್ಲಿ ವರವೂ ಶಾಪವೂ ಬಾರದ ಕಥೆ ಅಪರೂಪ. ಆದರೂ ಆ ಕಥೆಗಳ ಕಡೆಗೆ ಹೊಸದಾಗಿ ಬಂದವರು ವರವನ್ನು ರಾಕ್ಷಸನ ಬಲವೆಂದೂ ಶಾಪವನ್ನು ಋಷಿಯ ಮುನಿಸೆಂದೂ ಬಗೆದು, ಎರಡನ್ನೂ ಬೇಗನೆ ದಾಟಿ ಯುದ್ಧದ ಬಳಿಗೆ ಧಾವಿಸುವುದುಂಟು. ಹಾಗೆ ಧಾವಿಸಿದವರಿಗೆ ಸ್ವಾರಸ್ಯದ ಅರ್ಧಭಾಗ ದೊರೆಯದೆಯೇ ಹೋಗುತ್ತದೆ. ವರಶಾಪಗಳು ಸೃಷ್ಟಿಯ ನಡೆಗೇ ವಿಧಿಸಿದ ನಿಬಂಧನೆಗಳು. ಇಂತಾದರೆ ಇಂತು, ಇಂತಾಗದ ಹೊರತು ಅಂತಿಲ್ಲ ಎಂಬುದು ಅವುಗಳ ರೀತಿ. ಒಮ್ಮೆ ನುಡಿದ ಮೇಲೆ ಕೊಟ್ಟ ಬ್ರಹ್ಮನು ಅದನ್ನು ಹಿಂದಕ್ಕೆ ಪಡೆಯಲಾರ, ಲೋಕರಕ್ಷಕನಾದ ವಿಷ್ಣುವೂ ಅದನ್ನು ಮುರಿಯಲಾರ. ಪಡೆದವನು ದುಷ್ಟನಾದರೂ ಮಾತು ಮಾತಾಗಿಯೇ ಉಳಿಯುತ್ತದೆ. ಈ ಕಟ್ಟುನಿಟ್ಟೇ ಇಂಥ ಕಥೆಯ ಪ್ರಾಣವೆಂದು ತಿಳಿದು ಕುಳಿತವನಿಗೆ, ಯಾರು ಗೆದ್ದರೆಂಬುದಕ್ಕಿಂತ ನಿಯಮವನ್ನು ಉಲ್ಲಂಘಿಸದೆ ಹೇಗೆ ಗೆದ್ದರೆಂಬುದೇ ಕುತೂಹಲದ ವಿಷಯವಾಗುತ್ತದೆ.

ಆದಕಾರಣ ಮೊದಲು ಕೇಳಬೇಕಾದದ್ದು ವರವನ್ನು ಬೇಡಿದ ಮಾತು. ರಾಮಾಯಣದ ಉತ್ತರಕಾಂಡದಲ್ಲಿ ರಾವಣನು ಅಮರತ್ವವನ್ನೇ ಬೇಡುತ್ತಾನೆ. ಅದು ಸಲ್ಲದೆಂದು ಬ್ರಹ್ಮನು ನಿರಾಕರಿಸಿದ ಮೇಲೆ ದೇವತೆಗಳಿಂದ, ದೈತ್ಯದಾನವರಿಂದ, ಯಕ್ಷರಿಂದ, ನಾಗರಿಂದ, ಗರುಡರಿಂದ ತನಗೆ ಸಾವು ಬಾರದಿರಲೆಂದು ಒಂದೊಂದೇ ಕುಲವನ್ನು ಎಣಿಸಿ ಕೇಳಿ, ಮನುಷ್ಯಾದಿಗಳು ತನಗೆ ತೃಣಸಮಾನರೆಂದು ಹೇಳಿ ಅವರನ್ನು ಕೈಬಿಡುತ್ತಾನೆ. ಆ ಕೈಬಿಟ್ಟ ಎಡೆಯಲ್ಲಿಯೇ ರಾಮನು ಹುಟ್ಟಿಬರುತ್ತಾನೆ. ರಾವಣನಿಗೆ ಮರೆವು ಬಂದುದಿಲ್ಲ, ಅವನ ಬುದ್ಧಿ ಮಂದವಾದುದೂ ಅಲ್ಲ. ತಾನು ತಿರಸ್ಕರಿಸಿದ ಪ್ರಾಣಿಗೆ ಹೆದರಬೇಕೆಂದು ಅವನಿಗೆ ತೋರಲೇ ಇಲ್ಲ. ವರದ ಬಿರುಕು ಬೇಡಿದವನ ಸ್ವಭಾವದಿಂದಲೇ ಮೂಡಿದ್ದರೆ ಆ ಕಥೆ ಉತ್ತಮವಾದುದೆಂಬುದು ನನ್ನ ಎಣಿಕೆ.

ಹಿರಣ್ಯಕಶಿಪುವಿನ ಕಥೆಯ ಸೊಗಸು ಬೇರೊಂದು ಜಾತಿಯದು. ಒಳಗೂ ಅಲ್ಲದೆ ಹೊರಗೂ ಅಲ್ಲದೆ, ಹಗಲೂ ಅಲ್ಲದೆ ಇರುಳೂ ಅಲ್ಲದೆ ಎಂಬ ಜೋಡಿಗಳಿಗೆ ಹೊಸ್ತಿಲು, ಮುಸ್ಸಂಜೆ, ತೊಡೆ, ಉಗುರು ಎಂಬ ಉತ್ತರಗಳು ಒಂದರ ಹಿಂದೊಂದು ಬಂದು ಕೂಡಿಕೊಳ್ಳುವುದನ್ನು ಪ್ರತಿಯೊಬ್ಬರೂ ಬಾಲ್ಯದಲ್ಲಿಯೇ ಕೇಳಿರುತ್ತಾರೆ. ಈ ಮಾದರಿ ಎಷ್ಟು ಪುರಾತನವೆಂಬುದಕ್ಕೆ ಶತಪಥ ಬ್ರಾಹ್ಮಣದ ನಮುಚಿಯ ಕಥೆಯನ್ನು ನೋಡಬೇಕು. ಹಗಲಲ್ಲಾಗಲಿ ಇರುಳಲ್ಲಾಗಲಿ, ದಂಡದಿಂದಾಗಲಿ ಧನುಸ್ಸಿನಿಂದಾಗಲಿ, ಅಂಗೈಯಿಂದಾಗಲಿ ಮುಷ್ಟಿಯಿಂದಾಗಲಿ, ಒಣಗಿದುದರಿಂದಾಗಲಿ ಒದ್ದೆಯಾದುದರಿಂದಾಗಲಿ ಕೊಲ್ಲೆನೆಂದು ಆಣೆಯಿಟ್ಟಿದ್ದ ಇಂದ್ರನು, ಇರುಳು ಕಳೆದು ಸೂರ್ಯನಿನ್ನೂ ಮೂಡದ ಹೊತ್ತಿನಲ್ಲಿ ನೀರಿನ ನೊರೆಯಿಂದ ಅವನ ತಲೆಯನ್ನು ಕತ್ತರಿಸುತ್ತಾನೆ. ಇಲ್ಲಿ ದೊರೆಯುವುದು ಬುದ್ಧಿಯ ಆನಂದ. ಅದು ಕಡಮೆಯ ಆನಂದವೇನಲ್ಲ; ಆದರೆ ನಮುಚಿ ಎಂಥವನೆಂಬುದು ಆ ಆಣೆಯಿಂದ ನಮಗೆ ತಿಳಿಯುವುದಿಲ್ಲ.

ಒಂದು ನಿಬಂಧನೆಯನ್ನು ಹಿಡಿಯಲು ಕಲಿತವನು ಅನಂತರ ಹಲವು ನಿಬಂಧನೆಗಳು ಪರಸ್ಪರ ತೊಡರಿಕೊಳ್ಳುವ ಎಡೆಗೆ ಬರಬೇಕು. ಅದಕ್ಕೆ ಮಹಾಭಾರತದ ದ್ರೋಣಪರ್ವಕ್ಕಿಂತ ಮಿಗಿಲಾದ ಪಾಠಶಾಲೆಯಿಲ್ಲ. ಯುದ್ಧದ 13ನೆಯ ದಿನ ಅಭಿಮನ್ಯು ಚಕ್ರವ್ಯೂಹವನ್ನು ಹೊಕ್ಕಾಗ ಹಿಂದೆ ಬರುತ್ತಿದ್ದ ಭೀಮಾದಿಗಳನ್ನು ಜಯದ್ರಥನೊಬ್ಬನೇ ತಡೆದು ನಿಲ್ಲಿಸುತ್ತಾನೆ. ಅರ್ಜುನನ ಹೊರತಾಗಿ ಉಳಿದ ಪಾಂಡವರನ್ನು ತಡೆಯಬಲ್ಲೆಯೆಂದು ಶಿವನು ಕೊಟ್ಟ ವರ ಅವನಿಗಿತ್ತು, ಅರ್ಜುನನಾದರೋ ಅಂದು ಸಂಶಪ್ತಕರೊಡನೆ ದೂರದಲ್ಲಿ ಹೋರಾಡುತ್ತಿದ್ದನು. ಮಗನ ಸಾವನ್ನು ಕೇಳಿದ ಅರ್ಜುನನು ಮರುದಿನ ಸೂರ್ಯಾಸ್ತದೊಳಗೆ ಜಯದ್ರಥನನ್ನು ಕೊಲ್ಲದಿದ್ದರೆ ಅಗ್ನಿಪ್ರವೇಶ ಮಾಡುವೆನೆಂದು ತನ್ನ ಮೇಲೆ ತಾನೇ ಒಂದು ನಿಯಮವನ್ನು ಹೇರಿಕೊಳ್ಳುತ್ತಾನೆ. ಪ್ರತಿಜ್ಞೆಯೂ ವರಶಾಪಗಳ ಸೋದರನೆಂಬುದನ್ನು ಇಲ್ಲಿ ಗಮನಿಸಬೇಕು. ಕೃಷ್ಣನ ಮಾಯೆಯಿಂದ ಕವಿದ ಕತ್ತಲನ್ನು ಅಸ್ತಮಾನವೆಂದು ಭ್ರಮಿಸಿ ಜಯದ್ರಥನು ಮೈಮರೆತ ಗಳಿಗೆಯಲ್ಲಿ, ಇನ್ನೇನು ಮುಗಿಯಿತೆಂದು ನಾವು ಭಾವಿಸುವಷ್ಟರಲ್ಲಿ, ಕೃಷ್ಣನು ಮೂರನೆಯ ನಿಬಂಧನೆಯನ್ನು ಅರ್ಜುನನಿಗೆ ಅರುಹುತ್ತಾನೆ: ಈ ಮಗನ ತಲೆಯನ್ನು ಯಾವನು ನೆಲಕ್ಕೆ ಕೆಡಹುವನೋ ಅವನ ತಲೆ ನೂರು ಹೋಳಾಗಲಿ ಎಂದು ತಂದೆ ವೃದ್ಧಕ್ಷತ್ರನು ಹಿಂದೆಯೇ ನುಡಿದಿದ್ದಾನೆ. ಅರ್ಜುನನು ಕತ್ತರಿಸಿದ ತಲೆಯನ್ನು ನೆಲಕ್ಕೆ ಬೀಳಗೊಡದೆ ಬಾಣಗಳ ಮೇಲೆಯೇ ಹೊತ್ತು ಸಾಗಿಸಿ, ಸಮಂತಪಂಚಕದ ಬಳಿ ಸಂಧ್ಯಾವಂದನೆಗೆ ಕುಳಿತಿದ್ದ ಆ ತಂದೆಯ ತೊಡೆಯ ಮೇಲೆಯೇ ಇಳಿಸುತ್ತಾನೆ. ಮುದುಕನಿಗೆ ಅದರ ಅರಿವಿಲ್ಲ. ಜಪ ಮುಗಿಸಿ ಮೇಲೇಳುತ್ತಾನೆ, ತಲೆ ನೆಲಕ್ಕುರುಳುತ್ತದೆ, ಅವನ ತಲೆಯೇ ನೂರು ಹೋಳಾಗುತ್ತದೆ. ಮಗನನ್ನು ಕಾಯಲೆಂದು ವಾತ್ಸಲ್ಯದಿಂದ ನುಡಿದ ಮಾತು ಅಕ್ಷರಶಃ ನಡೆದಿದೆ, ನಡೆದುದರಿಂದಲೇ ತಂದೆಯನ್ನು ಕೊಂದಿದೆ. ಆ ಮುದುಕನ ತಪ್ಪಾದರೂ ಏನೆಂದು ಕೇಳಿಕೊಂಡಾಗ ಉತ್ತರ ದೊರೆಯದೆ ಮನಸ್ಸು ಕುಂದುತ್ತದೆ. ವಿಸ್ಮಯದೊಳಗಿನಿಂದ ಕರುಣವು ಹೀಗೆ ಹೊಮ್ಮುವುದನ್ನು ಕಂಡ ಮೇಲೆ, ಇದನ್ನು ಬರಿಯ ಯುಕ್ತಿಯ ಕಥೆಯೆನ್ನಲು ನನಗೆ ಮನಸ್ಸು ಬಾರದು.

ಅದೇ ದಿನದ ರಾತ್ರಿ ಕರ್ಣನ ಶಕ್ತ್ಯಾಯುಧದ ಸರದಿ. ಕವಚಕುಂಡಲಗಳಿಗೆ ಪ್ರತಿಯಾಗಿ ಇಂದ್ರನು ಕೊಟ್ಟ ಆ ಶಕ್ತಿ ಒಬ್ಬನೇ ಶತ್ರುವನ್ನು ಕೊಂದು ಇಂದ್ರನಿಗೇ ಮರಳತಕ್ಕದ್ದು. ಅರ್ಜುನನಿಗೆಂದು ಜೋಪಾನವಾಗಿ ಕಾದಿರಿಸಿದ್ದ ಅದನ್ನು, ಘಟೋತ್ಕಚನು ಕೌರವಸೇನೆಯನ್ನು ಹುರಿದು ಮುಕ್ಕುತ್ತಿದ್ದಾಗ, ತನ್ನವರ ಮೊರೆಗೆ ಕಿವಿಗೊಟ್ಟು ಕರ್ಣನು ಪ್ರಯೋಗಿಸಿಬಿಡುತ್ತಾನೆ. ಪಾಂಡವರೆಲ್ಲ ಕಣ್ಣೀರಿಡುತ್ತಿರುವಾಗ ಕೃಷ್ಣನೊಬ್ಬನೇ ಹರ್ಷದಿಂದ ಕುಣಿಯುತ್ತಾನೆ. ನಿಬಂಧನೆಯನ್ನು ನೆನಪಿನಲ್ಲಿಟ್ಟುಕೊಂಡ ಶ್ರೋತೃವಿಗೆ ಮಾತ್ರ ಆ ಕುಣಿತ ಅರ್ಥವಾದೀತು.

ಶಾಪದ ಮಾತಿಗೆ ಬಂದರೆ, ಅದರಲ್ಲಿ ಮುಖ್ಯವಾಗಿ ನೋಡತಕ್ಕದ್ದು ವಿಮೋಚನೆಯ ಷರತ್ತು. ಮಹಾಭಾರತದ ಶಕುಂತಲೋಪಾಖ್ಯಾನದಲ್ಲಿ ದೂರ್ವಾಸನ ಶಾಪವೇ ಇಲ್ಲ. ಅದನ್ನು ತಂದು ಸೇರಿಸಿ, ಆಭರಣವನ್ನು ಕಂಡೊಡನೆ ಶಾಪ ತೊಲಗುವುದೆಂಬ ಕಟ್ಟಳೆಯನ್ನೂ ಇಟ್ಟವನು ಕಾಳಿದಾಸ. ಆ ಒಂದು ಷರತ್ತಿನಿಂದ ಉಂಗುರವೇ ನಾಟಕದ ಜೀವವಾಯಿತು. ಕೆಲವು ಶಾಪಗಳು ನೆಲದ ಮೇಲೆ ಗೆರೆಯೆಳೆಯುವುದೂ ಉಂಟು: ಮತಂಗಮುನಿಯ ಶಾಪದಿಂದಾಗಿ ವಾಲಿಯು ಋಷ್ಯಮೂಕವನ್ನು ಏರಲಾರ, ಆದುದರಿಂದಲೇ ಸುಗ್ರೀವನಿಗೆ ಅಲ್ಲಿ ಆಶ್ರಯ. ಪರಂಪರೆಯು ಆ ಗಿರಿಯನ್ನು ನಮ್ಮ ಹಂಪೆಯ ತುಂಗಭದ್ರಾತೀರದಲ್ಲಿ ಗುರುತಿಸುತ್ತದೆ.

ದೇವರಾಗಲಿ ಋಷಿಯಾಗಲಿ ಇಲ್ಲದ ಕಡೆಯೂ ಈ ಕಲೆಯುಂಟೆಂಬುದಕ್ಕೆ ಎ. ಕೆ. ರಾಮಾನುಜನ್ ಅವರು ಸಂಗ್ರಹಿಸಿದ, ಹೂವಿನ ಮರವಾಗುವ ಹುಡುಗಿಯ ಕನ್ನಡ ಜನಪದ ಕಥೆಯೇ ಸಾಕ್ಷಿ. ಉಗುರು ಸೋಕದಂತೆ ತಂದ ಎರಡು ಬಿಂದಿಗೆ ನೀರು ಬೇಕು. ಒಂದನ್ನು ಮೈಮೇಲೆ ಸುರಿದರೆ ಹುಡುಗಿ ಮರವಾಗುವಳು, ಎಲೆ ಹರಿಯದಂತೆ ಕೊಂಬೆ ಮುರಿಯದಂತೆ ಹೂ ಬಿಡಿಸಿಕೊಂಡು ಇನ್ನೊಂದನ್ನು ಸುರಿದರೆ ಮತ್ತೆ ಹುಡುಗಿಯಾಗುವಳು. ಗಂಡನ ಮನೆಯ ನಾದಿನಿಯೂ ಅವಳ ಗೆಳತಿಯರೂ ಕೊಂಬೆಗಳನ್ನು ಮುರಿದು, ನೀರನ್ನು ಅಡ್ಡಾದಿಡ್ಡಿಯಾಗಿ ಎರಚಿ ಹೊರಟುಹೋದಾಗ, ಆಕೆ ಕೈಕಾಲುಗಳಿಲ್ಲದ ಅರೆದೇಹವಾಗಿ ಉಳಿಯುತ್ತಾಳೆ. ಕಡೆಗೆ ಅವಳನ್ನು ಉಳಿಸುವುದೂ ಅದೇ ನಿಯಮ. ಗಂಡನು ಒಂದು ಬಿಂದಿಗೆ ಸುರಿದು ಮರವಾಗಿಸಿ, ಮುರಿದ ಕೊಂಬೆಗಳನ್ನು ಸರಿಪಡಿಸಿ, ಎರಡನೆಯದನ್ನು ಸುರಿಯುತ್ತಾನೆ. ಪುರಾಣದ ನಿಬಂಧನೆ ಜಾಣ್ಮೆಯನ್ನು ಬೇಡಿದರೆ ಈ ಕಥೆಯದು ಮೃದುತ್ವವನ್ನು ಬೇಡುತ್ತದೆ. ನನಗಂತೂ ಇದು ಹೆಚ್ಚು ಪ್ರಿಯ.

ಇವನ್ನು ಓದುವುದಕ್ಕಿಂತ ಕೇಳುವುದು ಮೇಲು. ಕುಮಾರವ್ಯಾಸನ ದ್ರೋಣಪರ್ವವನ್ನು ಗಮಕಿಗಳು ವಾಚಿಸುವಾಗ ವ್ಯಾಖ್ಯಾನಕಾರರು ಹಿಂದಿನ ವರಶಾಪಗಳನ್ನು ನೆನಪಿಸಿಕೊಟ್ಟೇ ಮುಂದುವರಿಯುತ್ತಾರೆ. ತಾಳಮದ್ದಳೆಯಲ್ಲಂತೂ ಭಾಗವತರ ಪದ ಮುಗಿದೊಡನೆ ಅರ್ಥಧಾರಿಗಳು ನಿಬಂಧನೆಯ ಒಂದೊಂದು ಮಾತನ್ನೂ ಎತ್ತಿ ವಾದಕ್ಕೆ ನಿಲ್ಲುವುದರಿಂದ, ವಾಲಿವಧೆಯಂಥ ಪ್ರಸಂಗ ನ್ಯಾಯಸಭೆಯ ಗಾಂಭೀರ್ಯವನ್ನೇ ಪಡೆಯುತ್ತದೆ. ನಿಮ್ಮ ಸಮೀಪದಲ್ಲಿ ಇಂಥದೊಂದು ಕೂಟವಿರುವುದು ತಿಳಿದರೆ ತಪ್ಪದೆ ಹೋಗಿರಿ. ಹೋಗುವ ಮುನ್ನ ಅಂದಿನ ಪ್ರಸಂಗದಲ್ಲಿ ಯಾರಿಗೆ ಯಾವ ವರ, ಯಾರ ಮೇಲೆ ಯಾವ ಶಾಪ ಎಂಬುದನ್ನು ಮನೆಯಲ್ಲಿ ಹಿರಿಯರಿದ್ದರೆ ಅವರಿಂದ ಕೇಳಿ ತಿಳಿದುಕೊಂಡು ಹೋಗಿರಿ.