ಔತಣದ ನಡುವೆ ಕೇಳಿಸದ ಮಾತು: ಥಾಮಸ್ ವಿಂಟರ್‌ಬರ್ಗ್ ಅವರ ಚಲನಚಿತ್ರಗಳು

ಡೆನ್ಮಾರ್ಕಿನ ನಿರ್ದೇಶಕ ಥಾಮಸ್ ವಿಂಟರ್‌ಬರ್ಗ್ 1969ರಲ್ಲಿ ಜನಿಸಿ, ಹಲವರು ಒಟ್ಟಾಗಿ ಬಾಳುವ ಸಹಜೀವನದ ಮನೆಯಲ್ಲಿ ಬೆಳೆದವರು. ಗುಂಪು ವ್ಯಕ್ತಿಯನ್ನು ಪೊರೆಯುವ ಹಾಗೂ ಹೊರಗಿಡುವ ಬಗೆಯೇ ಅವರ ಕೃತಿಗಳ ಮುಖ್ಯ ವಸ್ತು. 1995ರಲ್ಲಿ ಲಾರ್ಸ್ ವಾನ್ ಟ್ರಿಯರ್ ಅವರೊಡನೆ ಹೊರಡಿಸಿದ 'ಡಾಗ್ಮೆ 95' ಪ್ರಣಾಳಿಕೆಯ 10 ನಿಯಮಗಳಲ್ಲಿ ಕೊನೆಯದು, ನಿರ್ದೇಶಕನ ಹೆಸರು ತೆರೆಯ ಮೇಲೆ ಬರಬಾರದೆಂಬುದು. ಕರ್ತೃವಿನ ಹೆಸರಿಲ್ಲದ ಜನಪದ ಸಾಹಿತ್ಯವನ್ನು ಇದು ನೆನಪಿಸುತ್ತದೆ. ಆದರೆ ಜಾನಪದದ ದೃಷ್ಟಿಯಿಂದ ಹೆಚ್ಚು ಮಹತ್ವದ್ದು, ಆಚರಣೆಯನ್ನು ಕುರಿತ ಅವರ ಗ್ರಹಿಕೆ.

ಡೆನ್ಮಾರ್ಕಿನ ಔತಣಗಳಲ್ಲಿ ಅತಿಥಿಗಳು ಒಬ್ಬರಾದ ಮೇಲೊಬ್ಬರು ಎದ್ದು ಮಾತನಾಡುವುದು, ಕೂಡಿ ಹಾಡುವುದು ರೂಢಿ. 'ಫೆಸ್ಟೆನ್' (1998) ಚಿತ್ರದಲ್ಲಿ ತಂದೆಯ 60ನೆಯ ಹುಟ್ಟುಹಬ್ಬದಂದು ಹಿರಿಯ ಮಗ ಕ್ರಿಶ್ಚಿಯನ್ ಇದೇ ಕ್ರಮದಂತೆ ಎದ್ದು ನಿಂತು, ತನ್ನ ಮೇಲೂ ಮೃತಳಾದ ಅವಳಿ ಸೋದರಿಯ ಮೇಲೂ ತಂದೆ ಬಾಲ್ಯದಲ್ಲಿ ನಡೆಸಿದ ಲೈಂಗಿಕ ದೌರ್ಜನ್ಯವನ್ನು ಹೇಳುತ್ತಾನೆ. ಊಟ ನಿಲ್ಲುವುದಿಲ್ಲ, ಆಚರಣೆ ಆ ಮಾತನ್ನು ನುಂಗಿಕೊಂಡು ಮುಂದುವರಿಯುತ್ತದೆ. ಸೋದರಿ ಬರೆದಿಟ್ಟು ಹೋದ ಪತ್ರವನ್ನು ಓದಿದಾಗಲೇ ಪರಿಸ್ಥಿತಿ ಬದಲಾಗುವುದು. ಬದುಕಿರುವವನ ನುಡಿಗೆ ದೊರೆಯದ ಮನ್ನಣೆ ಸತ್ತವಳ ಬರಹಕ್ಕೆ ದೊರೆಯುತ್ತದೆ.

'ಯಾಗ್ಟೆನ್' (2012), ಅಂದರೆ 'ಬೇಟೆ', ಮೇಲುನೋಟಕ್ಕೆ ಇದಕ್ಕೆ ತದ್ವಿರುದ್ಧವಾದ ಕತೆ. ಶಿಶುವಿಹಾರದ ಲೂಕಾಸನ ಮೇಲೆ ಪುಟ್ಟ ಬಾಲಕಿ ಕ್ಲಾರಾ ಸುಳ್ಳೊಂದನ್ನು ಹೇಳುತ್ತಾಳೆ, ಊರು ನಂಬುತ್ತದೆ. ವದಂತಿ ಬಾಯಿಂದ ಬಾಯಿಗೆ ಹರಡುತ್ತ ಹೊಸ ವಿವರಗಳನ್ನು ಪಡೆಯುವ ಪರಿ ಇಲ್ಲಿ ಸ್ಪಷ್ಟವಾಗಿದೆ: ಮಕ್ಕಳು ಅವನ ಮನೆಯ ನೆಲಮಾಳಿಗೆಯನ್ನು ಬಣ್ಣಿಸುತ್ತಾರೆ, ಆ ಮನೆಗೆ ನೆಲಮಾಳಿಗೆಯೇ ಇಲ್ಲ. ಒಂದರಲ್ಲಿ ಮಗನ ಸತ್ಯವನ್ನು ನಂಬದ, ಇನ್ನೊಂದರಲ್ಲಿ ಮಗುವಿನ ಸುಳ್ಳನ್ನು ನಂಬುವ ಸಮೂಹವಿರುವುದರಿಂದ, ಎರಡನೆಯ ಚಿತ್ರ ಮೊದಲನೆಯದರ ನಿಲುವನ್ನು ಅಲ್ಲಗಳೆಯುತ್ತದೆಂದು ತೋರಬಹುದು. ಅದು ಸರಿಯಲ್ಲ. ಲೂಕಾಸ್ ಏನೂ ಮಾಡಲಿಲ್ಲವೆಂದು ಕ್ಲಾರಾಳೇ ಹೇಳುವಾಗ, ನಡೆದದ್ದನ್ನು ನೆನೆಯಲು ಅವಳ ಮನಸ್ಸು ಒಪ್ಪುತ್ತಿಲ್ಲವೆಂದು ತಾಯಿ ಅರ್ಥೈಸುತ್ತಾಳೆ. ಎರಡೂ ಚಿತ್ರಗಳಲ್ಲಿ ಸಮೂಹ ತಾನು ಕೇಳಬಯಸಿದ್ದನ್ನಷ್ಟೇ ಕೇಳುತ್ತದೆ. ನಂಬಿಕೆಯೂ ಅಪನಂಬಿಕೆಯೂ ಕಿವುಡುತನದ ಎರಡು ರೂಪಗಳಾಗಬಲ್ಲವೆಂಬುದೇ ವಿಂಟರ್‌ಬರ್ಗ್ ಅವರ ಮುಖ್ಯ ಶೋಧ.

ಇಂತಹ ಪರಿಚಿತ ಸಮುದಾಯದ ನೆಲೆಯಿಲ್ಲದ 'ಇಟ್ಸ್ ಆಲ್ ಅಬೌಟ್ ಲವ್' (2003) ಚಿತ್ರದಲ್ಲಿ ಸಂಬಂಧಗಳು ಸೊರಗಿ ಕಾಣುತ್ತವೆ. ಅವರ ಪಾತ್ರಗಳಿಗೆ ಒಂದೇ ಮೇಜಿನ ಸುತ್ತ ಕೂರುವ ಬಳಗ ಬೇಕು.

2021ರಲ್ಲಿ ಆಸ್ಕರ್ ಪಡೆದ 'ಡ್ರೂಕ್' (2020) ಚಿತ್ರದಲ್ಲಿ ಮಾತ್ರ ಆಚರಣೆಗೆ ಬೇರೊಂದು ಮುಖವಿದೆ. 2019ರಲ್ಲಿ ಚಿತ್ರೀಕರಣದ ಆರಂಭದಲ್ಲೇ ಮಗಳನ್ನು ಅಪಘಾತದಲ್ಲಿ ಕಳೆದುಕೊಂಡ ನಿರ್ದೇಶಕರು ಈ ಚಿತ್ರವನ್ನು ಅವಳಿಗೆ ಅರ್ಪಿಸಿದ್ದಾರೆ. ಗೆಳೆಯನ ಶವಸಂಸ್ಕಾರ ಮುಗಿಸಿ ಬಂದ ಶಿಕ್ಷಕರನ್ನು, ಶಾಲೆ ಮುಗಿಸಿದ ವಿದ್ಯಾರ್ಥಿಗಳ ಮೆರವಣಿಗೆ ಕೂಡಿಕೊಳ್ಳುತ್ತದೆ, ಮಾರ್ಟಿನ್ ಕುಣಿಯುತ್ತಾನೆ. ಕುಡಿತದ ಕೇಡನ್ನು ಚಿತ್ರ ಮರೆತಿಲ್ಲ. ಆದರೂ ಇಲ್ಲಿನ ಕುಣಿತ ದುಃಖವನ್ನು ಮುಚ್ಚಿಡುವುದಿಲ್ಲ, ಹೊರಲು ನೆರವಾಗುತ್ತದೆ. ಬಾಯಿ ಮುಚ್ಚಿಸುವ ಆಚರಣೆಯನ್ನು ಅಷ್ಟು ಕಠೋರವಾಗಿ ಕಂಡ ನಿರ್ದೇಶಕರೇ ಇದನ್ನೂ ತೋರಿಸಿರುವುದರಿಂದ, ಈ ಸಾಂತ್ವನವು ಅಗ್ಗದ್ದೆನಿಸುವುದಿಲ್ಲ.