ಗೆರೆ ನುಂಗಿದ ಕಾಲ

ಬ್ರಿಟನ್ನಿನ ನೆಲದಡಿ ಒಂದು ಶಕ್ತಿ ಹರಿಯುತ್ತದಂತೆ. ಆದಿಮ ಗೋರಿದಿಬ್ಬಗಳು, ನಿಲುಗಲ್ಲುಗಳು, ಹಳೆಯ ಚರ್ಚುಗಳು ಆ ಹರಿವಿನ ಮೇಲೆಯೇ ನೇರ ಸಾಲಿನಲ್ಲಿ ನಿಂತಿವೆಯಂತೆ. ಅಲ್ಲಿ ನಿಂತವರಿಗೆ ಸತ್ತವರ ಕಾಲ ತಾಕುತ್ತದಂತೆ. ‘ಲೇ ಲೈನ್’ ಎಂದು ಕರೆಯುವ ಈ ನಂಬಿಕೆಗೆ ಪುರಾತನದ ವೇಷವಿದ್ದರೂ ವಯಸ್ಸು ತೀರಾ ಕಡಿಮೆ. ಹೆರೆಫರ್ಡ್‌ನ ವ್ಯಾಪಾರಿಯೂ ಛಾಯಾಗ್ರಾಹಕನೂ ಆಗಿದ್ದ ಆಲ್‌ಫ್ರೆಡ್ ವಾಟ್‌ಕಿನ್ಸ್‌ಗೆ 1921ರ ಜೂನ್‌ನಲ್ಲಿ ಹಳೆಯ ತಾಣಗಳೆಲ್ಲ ಗೆರೆ ಎಳೆದಂತೆ ಸಾಲಾಗಿ ಕೂತಿರುವುದು ಕಂಡಿತು. 1925ರಲ್ಲಿ ಅವನ ‘ದಿ ಓಲ್ಡ್ ಸ್ಟ್ರೇಟ್ ಟ್ರ್ಯಾಕ್’ ಪ್ರಕಟವಾಯಿತು. ಅದರಲ್ಲಿ ಅಲೌಕಿಕವಾದದ್ದು ಏನೂ ಇಲ್ಲ. ಉಪ್ಪು, ಚಕಮಕಿ ಕಲ್ಲು ಹೊತ್ತವರು ಒಂದು ಗುರುತಿನಿಂದ ಮತ್ತೊಂದಕ್ಕೆ ಕಣ್ಣಿಟ್ಟು ನಡೆದ ದಾರಿಗಳಿವು ಎಂದಷ್ಟೇ ಅವನ ವಾದ. ಶಕ್ತಿ ಸೇರಿಕೊಂಡದ್ದು ಆಮೇಲೆ. 1936ರಲ್ಲಿ ಡಯಾನ್ ಫಾರ್ಚೂನ್ ಅದನ್ನು ಕಾದಂಬರಿಯೊಳಗೆ ತಂದಳು. 1969ರಲ್ಲಿ ಜಾನ್ ಮಿಚೆಲ್ ‘ದಿ ವ್ಯೂ ಓವರ್ ಅಟ್ಲಾಂಟಿಸ್’ನಲ್ಲಿ ಚೀನಾದ ಫೆಂಗ್‌ಶೂಯಿಯ ಡ್ರ್ಯಾಗನ್ ದಾರಿಗಳನ್ನು ಬೆಸೆದು, ವ್ಯಾಪಾರದ ದಾರಿಯನ್ನು ಮಂತ್ರದ ನಾಡಿಯನ್ನಾಗಿ ಮಾಡಿದ.

ವಾಟ್‌ಕಿನ್ಸ್ ಸೋತ, ಆದರೆ ಮರ್ಯಾದೆಯಿಂದ ಸೋತ. ಅವನ ಮಾತನ್ನು ಪರೀಕ್ಷಿಸಲು ಬರುತ್ತಿತ್ತು. ಒಂದು ಇಂಚಿಗೆ ಒಂದು ಮೈಲಿಯ ನಕ್ಷೆಯಲ್ಲಿ ಅರ್ಧ ಮಿಲಿಮೀಟರ್ ದಪ್ಪದ ಪೆನ್ಸಿಲ್ ಗೆರೆ ನೆಲದ ಮೇಲೆ ಸುಮಾರು 30 ಮೀಟರ್ ಅಗಲವಾಗುತ್ತದೆ. ದಿಬ್ಬ, ಕೆರೆ, ಚರ್ಚು, ಕೂಡುರಸ್ತೆ ಎಲ್ಲವನ್ನೂ ಲೆಕ್ಕಕ್ಕೆ ಹಿಡಿದರೆ ಅಷ್ಟಗಲದ ಗೆರೆಗೆ ನಾಲ್ಕೈದು ಚುಕ್ಕಿ ಸಿಗದಿದ್ದರೇ ಆಶ್ಚರ್ಯ. 1983ರಲ್ಲಿ ಟಾಮ್ ವಿಲಿಯಮ್‌ಸನ್ ಮತ್ತು ಲಿಜ್ ಬೆಲ್ಲಮಿ ಇದನ್ನು ವಿವರವಾಗಿ ತೋರಿಸಿದರು. 2010ರಲ್ಲಿ ಗಣಿತಜ್ಞ ಮ್ಯಾಟ್ ಪಾರ್ಕರ್ ಮುಚ್ಚಿಹೋಗಿದ್ದ ವೂಲ್‌ವರ್ತ್ಸ್ ಅಂಗಡಿಗಳ ನಡುವೆಯೇ ಅಚ್ಚುಕಟ್ಟಾದ ರೇಖೆಗಳನ್ನು ಹುಡುಕಿಕೊಟ್ಟ. ಮಿಚೆಲ್‌ನ ಶಕ್ತಿಗೆ ಇಂಥ ಅಪಾಯವೇ ಇಲ್ಲ: ಉಪಕರಣಕ್ಕೆ ಸಿಗದಿದ್ದರೆ ಅದು ಸೂಕ್ಷ್ಮ, ಸಿಕ್ಕರೆ ಪುರಾವೆ.

ಲೆಕ್ಕದ ತಪ್ಪು ಹಳೆಯ ದೂರು. ನನ್ನ ತಕರಾರು ಬೇರೆ. ನೆನಪನ್ನು ಉಳಿಸುವೆನೆನ್ನುವ ಈ ಕಲ್ಪನೆ ನಿಜಕ್ಕೂ ನೆನಪನ್ನೇ ಅಳಿಸುತ್ತದೆ. ಮಿಚೆಲ್‌ನ ಹೆಸರಾಂತ ರೇಖೆ ಕಾರ್ನ್‌ವಾಲ್‌ನ ಸೇಂಟ್ ಮೈಕಲ್ಸ್ ಮೌಂಟ್‌ನಿಂದ ಹೊರಟು ಗ್ಲಾಸ್ಟನ್‌ಬರಿಯ ಗುಡ್ಡ ಹಾದು ಏವ್‌ಬರಿಯ ಕಲ್ಲಿನ ವೃತ್ತ ಮುಟ್ಟುತ್ತದೆ. ಆ ಗುಡ್ಡದ ಮೇಲೆ ಈಗ ನಿಂತಿರುವ ಗೋಪುರ ಮಧ್ಯಯುಗದ್ದು. ಏವ್‌ಬರಿಯ ಕಲ್ಲುಗಳಿಗೆ ನಾಲ್ಕು ಸಾವಿರ ವರ್ಷಗಳಿಗೂ ಹೆಚ್ಚು ವಯಸ್ಸು. ಏವ್‌ಬರಿ ಪಕ್ಕದ ವೆಸ್ಟ್ ಕೆನೆಟ್ ಗೋರಿದಿಬ್ಬವನ್ನು ನೋಡಿ. ಕ್ರಿ.ಪೂ. 3650ರ ಆಸುಪಾಸಿನಲ್ಲಿ 30ಕ್ಕೂ ಹೆಚ್ಚು ಮಂದಿಯನ್ನು ಅದರ ಕೋಣೆಗಳಲ್ಲಿ ಇಟ್ಟರು. ಇಂಗಾಲ ಕಾಲಗಣನೆಯನ್ನು ಪರಿಷ್ಕರಿಸಿ 2007ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ ಅಷ್ಟೂ ಶವಸಂಸ್ಕಾರ ಸುಮಾರು ಒಂದೇ ತಲೆಮಾರಿನೊಳಗೆ ಮುಗಿದಿತ್ತು. ಅಂದರೆ ಒಳಗಿದ್ದವರು ಬಹುಶಃ ಒಬ್ಬರಿಗೊಬ್ಬರು ಗುರುತಿದ್ದವರು. ಆಮೇಲೆ ನೂರು ವರ್ಷಕ್ಕೂ ಮೀರಿದ ಮೌನ. ಬಳಿಕ ಯಾರೋ ಮರಳಿ ಬಂದು ಶತಮಾನಗಳ ಕಾಲ ಮಣ್ಣು, ಮಡಕೆಚೂರು, ಮೂಳೆ ಸುರಿದರು. ಕೊನೆಗೆ ದೈತ್ಯ ಬಂಡೆಗಳಿಂದ ಬಾಯಿ ಮುಚ್ಚಿದರು. ಕೂಗಳತೆಯಲ್ಲಿರುವ ಸಿಲ್‌ಬರಿ ದಿಬ್ಬ ಎದ್ದಾಗ ಕ್ರಿ.ಪೂ. 2400ರ ಹೊತ್ತಾಗಿತ್ತು. ಕವಿರಾಜಮಾರ್ಗದಿಂದ ನಾವೆಷ್ಟು ದೂರವೋ, ಆ ಗೋರಿಯ ಮೊದಲ ಸತ್ತವರಿಂದ ಸಿಲ್‌ಬರಿ ಕಟ್ಟಿದವರೂ ಹೆಚ್ಚುಕಡಿಮೆ ಅಷ್ಟೇ ದೂರ. ಬಂಧುಗಳ ಶೋಕ, ಮರೆವು, ಅಪರಿಚಿತರ ಭಕ್ತಿ, ಬೀಗಮುದ್ರೆ: ನೆನಪು ನಡೆದ ದಾರಿ ಇದು. ಶಕ್ತಿರೇಖೆ ಇಷ್ಟನ್ನೂ ಒಂದೇ ಗೀಟಿನಲ್ಲಿ ಅಳಿಸಿ, ಸತ್ತವರನ್ನು ಹೆಸರಿಲ್ಲದ ಬ್ಯಾಟರಿಗಳನ್ನಾಗಿ ಮಾಡುತ್ತದೆ.

ಚರ್ಚುಗಳನ್ನು ಹಳೆಯ ಪವಿತ್ರ ಜಾಗಗಳ ಮೇಲೆಯೇ ಕಟ್ಟಿದರಲ್ಲವೇ ಎಂದು ಕೇಳುವವರಿದ್ದಾರೆ. ಕೆಲವನ್ನು ಕಟ್ಟಿದ್ದು ನಿಜ. ಡಾರ್ಸೆಟ್‌ನ ನೌಲ್ಟನ್‌ನಲ್ಲಿ ನವಶಿಲಾಯುಗದ ವರ್ತುಲ ಕಂದಕದೊಳಗೇ ಚರ್ಚಿದೆ, ಯಾರ್ಕ್‌ಷೈರ್‌ನ ರಡ್‌ಸ್ಟನ್‌ನಲ್ಲಿ ಚರ್ಚಿನ ಅಂಗಳದಲ್ಲೇ ಭಾರೀ ನಿಲುಗಲ್ಲಿದೆ. ಇವು ನೆಲ ನೋಡಿ ಒಂದೊಂದಾಗಿ ತಿಳಿದ ಸಂಗತಿಗಳು; ಇವೆರಡರ ಬಲದಿಂದ ಊರೂರಿನ ಚರ್ಚಿನಡಿ ಗೋರಿ ಊಹಿಸಲು ಬರುವುದಿಲ್ಲ. ಐರ್ಲೆಂಡಿನ ನ್ಯೂಗ್ರೇಂಜ್ ಇನ್ನೂ ಬಲವಾದ ಆಕ್ಷೇಪ. ಕ್ರಿ.ಪೂ. 3200ರ ಸುಮಾರಿನ ಆ ಗೋರಿಯೊಳಕ್ಕೆ ಚಳಿಗಾಲದ ಅಯನ ಸಂಕ್ರಾಂತಿಯ ಬೆಳಗ್ಗೆ ಬಿಸಿಲು ನುಗ್ಗುತ್ತದೆ. ಹಾಗಾದರೆ ಸಾವು, ಕಾಲ, ದಿಕ್ಕು ಬೆಸೆದದ್ದು ಸುಳ್ಳಲ್ಲವಲ್ಲ? ಖಂಡಿತ ಅಲ್ಲ. ಅವನ್ನು ಬೆಸೆದವರು ಮನುಷ್ಯರು, ಬಾಗಿಲ ಮೇಲೆ ಬೆಳಕಿಗೆಂದೇ ಕಿಂಡಿಯಿಟ್ಟು. ಒಂದು ಕಟ್ಟಡ, ಒಂದು ಕಾಲ, ಕಾಣುವ ಉದ್ದೇಶ. ಶಕ್ತಿರೇಖೆಯೆಂಬುದು ಕಾವ್ಯ, ತರ್ಕಕ್ಕೆಳೆಯುವುದು ಅರಸಿಕತೆ ಎನ್ನುವವರಿಗೂ ಒಂದು ಮಾತು: ಕಾವ್ಯವೆಂದೇ ಓದಿದರೂ ಇದು ಬಡಕಲು. ವೆಸ್ಟ್ ಕೆನೆಟ್‌ನ ಆ ನೂರು ವರ್ಷದ ಮೌನಕ್ಕೆ ಅದರಲ್ಲಿ ಜಾಗವಿಲ್ಲ.

ಗೆರೆ ಎಳೆಯುವ ಆಸೆ ಕಲ್ಗೋರಿ ಇರುವಲ್ಲೆಲ್ಲ ಹುಟ್ಟುತ್ತದೆ. ನಮ್ಮ ಸುರಪುರ ಸೀಮೆಯ ಕಲ್ಗೋರಿಗಳನ್ನು 1850ರ ದಶಕದಲ್ಲಿ ಬಣ್ಣಿಸಿದ ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರ್ ಕೂಡ ಅವಕ್ಕೂ ಯುರೋಪಿನ ಪ್ರಾಚೀನ ಪುರೋಹಿತರಾದ ಡ್ರೂಯಿಡರಿಗೂ ನಂಟು ಹಾಕಿದ್ದ. ಆದರೆ ಅಗೆದ ಗೋರಿಯ ಪದರಗಳ ಅಡ್ಡಕೊಯ್ತವನ್ನು ಇದ್ದಂತೆಯೇ ಚಿತ್ರಿಸಿಟ್ಟಿದ್ದ. ಡ್ರೂಯಿಡರ ನಂಟು ಬಿದ್ದುಹೋಯಿತು. ಆ ಚಿತ್ರಗಳನ್ನು ಮಾತ್ರ ನೂರು ವರ್ಷದ ಮೇಲೆ ಮಾರ್ಟಿಮರ್ ವೀಲರ್‌ನಂಥ ಕಟ್ಟುನಿಟ್ಟಿನ ಪುರಾತತ್ತ್ವಜ್ಞನೂ ಮೆಚ್ಚಿ ಉದಾಹರಿಸಿದ.