ಹೊಳೆ ಕಲಿಸಿದ ನುಡಿಗಟ್ಟು

ಕಡಲಿನಿಂದ ಬಹುದೂರದಲ್ಲಿರುವ ಗದಗ-ಬೆಟಗೇರಿ, ಲಕ್ಷ್ಮೇಶ್ವರಗಳ ಜನರ ಮಾತಿನಲ್ಲಿಯೂ ನಾವೆಯ ನುಡಿಗಟ್ಟುಗಳು ಸಮೃದ್ಧವಾಗಿ ನೆಲೆಸಿರುವುದಕ್ಕೆ, ಶಿರಹಟ್ಟಿ ಮುಂಡರಗಿಗಳ ಸೀಮೆಯನ್ನು ತೊಳೆಯುವ ತುಂಗಭದ್ರೆಯೂ, ಬಿದಿರಿನ ಹೆಣಿಗೆಗೆ ತೊಗಲು ಹೊದಿಸಿದ ಹರಿಗೋಲಿನಲ್ಲಿ ಜನರನ್ನು ದಾಟಿಸುತ್ತಿದ್ದ ಅಂಬಿಗರೂ ಕಾರಣರೆಂದು ನಾನು ನಂಬಿದ್ದೇನೆ. ನೆರವೀಯುವೆನೆಂದು ನುಡಿದು ಹಿಂಜರಿದವನು ‘ನಡುನೀರಿನಲ್ಲಿ ಕೈಬಿಟ್ಟ’ವನು, ಮಗಳ ಮದುವೆಯನ್ನು ಪೂರೈಸಿದ ತಂದೆ ‘ದಡ ಮುಟ್ಟಿದ’ವನು. ಇವೆಲ್ಲಕ್ಕಿಂತ ನನಗೆ ಪ್ರಿಯವಾದುದು, ಕೃತಘ್ನನನ್ನು ಕುರಿತ ‘ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇಕೆ’ ಎಂಬ ಗಾದೆ: ಸುಳಿ ಸೆಳವುಗಳನ್ನು ಬಲ್ಲ ಶ್ರಮಜೀವಿಯ ನೋವು ಅದರಲ್ಲಿ ಅಚ್ಚಳಿಯದೆ ಉಳಿದಿದೆ. ಇದೇ ನದಿಯ ದಡದ ಚೌಡಯ್ಯದಾನಪುರವು 12ನೆಯ ಶತಮಾನದ ವಚನಕಾರ ಅಂಬಿಗರ ಚೌಡಯ್ಯನ ಹೆಸರನ್ನು ಹೊತ್ತು ನಿಂತಿದೆ. ಸೇತುವೆಗಳು ಬಂದು ಹರಿಗೋಲು ವಿರಳವಾದ ಈ ಕಾಲದಲ್ಲಿ, ಹಿರಿಯರ ಬಾಯಲ್ಲಿರುವ ಇಂಥ ಮಾತುಗಳನ್ನು ಓದುಗರು ಬರೆದಿಡಬೇಕೆಂದು ಕೋರುತ್ತೇನೆ.